ಅಣ್ಣನಿಗಾಗಿ ಅತ್ತದ್ದಕ್ಕೆ

ಅಪ್ಪನ ಮನೆಯಲ್ಲಿ ಪಾಲು ಕೇಳಿ ಕೆಳಗಿನ ಕೋರ್ಟಿನಲ್ಲಿ ಸೋತಿದ್ದ ಟೈಲರಮ್ಮ ಅಣ್ಣನ ಮೇಲೆ ಮೇಲ್ಮನವಿ ಹಾಕಿದ್ದಳು. ಅದು ನಡೆಯುತ್ತಿರುವಾಗಲೇ ಅಣ್ಣ ತೀರಿಕೊಂಡ. ಜಗಳ ಮರೆತು ಓಡಿಹೋಗಿ ಎದೆ ಬಡಿದುಕೊಂಡು ಅತ್ತಳು. ಅವನ ಜಾಗಕ್ಕೆ ಅವನ ವಾರಸುದಾರರನ್ನು ಗಡುವಿನೊಳಗೆ ಸೇರಿಸದಿದ್ದರೆ ಮೇಲ್ಮನವಿಯೂ ಸತ್ತಂತೆ ಎಂಬುದು ಅವಳಿಗೆ ಗೊತ್ತಿರಲಿಲ್ಲ.

ಗಡುವು ಮುಗಿಯುವವರೆಗೆ ಅಣ್ಣನ ಮಗ ತುಟಿ ಬಿಚ್ಚಲಿಲ್ಲ. ತಡವಾದದ್ದನ್ನು ಮನ್ನಿಸಿ ಎಂದು ಅವಳು ಬೇಡಿಕೊಂಡ ದಿನ ಕೋರ್ಟಿಗೆ ಒಂದು ಫೋಟೊ ಕೊಟ್ಟ: ಹೆಣದ ಪಕ್ಕ ಅಳುತ್ತಿರುವ ಅತ್ತೆ. ಸಾವು ಅವಳಿಗೆ ಅಂದೇ ಗೊತ್ತಿತ್ತು ಎನ್ನುವುದಕ್ಕೆ ಅದೇ ಸಾಕ್ಷಿಯಾಯಿತು. ಮೇಲ್ಮನವಿ ವಜಾ ಆಯಿತು.

ಹೊರಗೆ ಮೆಟ್ಟಿಲ ಮೇಲೆ ಅವನ ಕಾಲರ್ ಹಿಡಿದಳು. "ನಾನು ಅಳ್ತಿದ್ರೆ ನೀನು ಫೋಟೊ ತೆಗೀತಿದ್ಯೇನೋ?"

"ಬಿಡು ಅತ್ತೆ, ಜನ ನೋಡ್ತಿದ್ದಾರೆ."

"ನೋಡ್ಲಿ! ನಿಮ್ಮಪ್ಪನೂ ನನ್ ಜೊತೆ ಜಗಳ ಆಡ್ದ, ಆದ್ರೆ ಎದುರಿಗೆ ನಿಂತು ಆಡ್ದ ಕಣೋ!"