ಐದು ನಿಮಿಷ ತಡವಾಗಿ ಹೊರಟ ಮೇಷ್ಟ್ರು

ಒಂಬತ್ತನೇ ತರಗತಿಗೆ ನಾಜಿಗಳ ಪಾಠ ಮಾಡುತ್ತ ಅಬುಧಾಬಿಯಲ್ಲಿ ಅದು ನನ್ನ ಎಂಟನೆಯ ವರ್ಷ. ಬೆಳಿಗ್ಗೆ ಐದೂಮುಕ್ಕಾಲಿಗೆ ಟೂರಿಸ್ಟ್ ಕ್ಲಬ್ ಏರಿಯಾದ ನಮ್ಮ ಕಟ್ಟಡದ ಕೆಳಗೆ ಶಾಲೆಯ ಬಸ್ಸು ಬರುತ್ತಿತ್ತು. ಶಾಲೆಯಿದ್ದ ಮುಸಫ್ಫಾ ತಲುಪುವವರೆಗೆ ಕಿಟಕಿಗೆ ತಲೆಯಾನಿಸಿ ಅರೆನಿದ್ದೆ. ಯುರೋಪು ವರ್ಷಗಟ್ಟಲೆ ಅನುಭವಿಸಿದ್ದನ್ನು ನಾನು ನಾಲ್ಕು ಪೀರಿಯಡ್ಡಿನಲ್ಲಿ ಮುಗಿಸಬೇಕಿತ್ತು. ಮುಖ್ಯವಾದ ಸಾಲಿನ ಕೆಳಗೆ ಗೆರೆ ಎಳೆಯಿರಿ ಅನ್ನುತ್ತಿದ್ದೆ, ಮಕ್ಕಳು ಎಳೆಯುತ್ತಿದ್ದರು. ಮೊದಲ ಒಂದೆರಡು ವರ್ಷ ಆ ಪಾಠದ ನಡುವೆ ಪುಸ್ತಕ ಮುಚ್ಚಿ ಕಿಟಕಿಯ ಹತ್ತಿರ ಹೋಗಿ ನಿಂತದ್ದುಂಟು. ಆಮೇಲೆ ಅದೂ ನಿಂತುಹೋಯಿತು.

ಆ ಅಜ್ಜಿಯ ಪರಿಚಯವಾದದ್ದು ಒಂದು ಶುಕ್ರವಾರ ಬೆಳಿಗ್ಗೆ, ಅಲ್ ಮೀನಾದ ಮೀನು ಮಾರುಕಟ್ಟೆಯಲ್ಲಿ. ನಾನು ಬಂಗುಡೆಯ ಕಿವಿರು ಎತ್ತಿ ನೋಡುತ್ತಿದ್ದೆ. ಪಕ್ಕದಲ್ಲಿ ಎತ್ತರದ, ಸ್ವಲ್ಪ ಬಾಗಿದ ಬಿಳಿಯ ಮುದುಕಿಯೊಬ್ಬರು ನನ್ನ ಹಾಗೆಯೇ ಇನ್ನೊಂದು ಬಂಗುಡೆಯ ಕಿವಿರು ಎತ್ತುತ್ತಿದ್ದರು. ನನ್ನ ಕೈಯಲ್ಲಿದ್ದದ್ದನ್ನು ನೋಡಿ, "ಅದು ನಿನ್ನೆಯದು" ಅಂದರು. ನಿಜ, ನಿನ್ನೆಯದೇ. ಮಲ್ಪೆಯ ಹುಡುಗಿಗೆ ಮೀನು ಆರಿಸಲು ಹೇಳಿಕೊಡುವವರು ಇಲ್ಲೊಬ್ಬರಿದ್ದಾರಲ್ಲ ಎಂದು ನಗು ಬಂತು. ಆಕೆ ನಾರ್ವೆ ದೇಶದ ಒಂದು ಮೀನುಗಾರರ ಊರಿನವರು. ಮಗ ತೈಲದ ಕಂಪನಿಯಲ್ಲಿ ಎಂಜಿನಿಯರ್. ಗಂಡ ತೀರಿಕೊಂಡ ಮೇಲೆ ಮಗನ ಜೊತೆ ಇದ್ದರು, ಅದೂ ನಮ್ಮದೇ ಕಟ್ಟಡದಲ್ಲಿ, ನಮಗಿಂತ ಎರಡು ಮಾಳಿಗೆ ಮೇಲೆ. ಆಗ ಅವರಿಗೆ ಎಂಬತ್ತೊಂದು.

ಆಮೇಲೆ ಶುಕ್ರವಾರ ಮಧ್ಯಾಹ್ನಗಳಲ್ಲಿ ನಾನು ಅವರ ಮನೆಗೆ ಹೋಗುತ್ತಿದ್ದೆ. ಅವರ ಇಂಗ್ಲಿಷು ನಿಧಾನ. ಎರಡು ಮಾತು, ಆಮೇಲೆ ಸ್ವಲ್ಪ ಮೌನ. ವಾರವಿಡೀ ಗದ್ದಲದಲ್ಲಿರುವ ನನಗೆ ಅದೇ ಹಿತವಾಗಿತ್ತು. ನಾನು ಇತಿಹಾಸದ ಟೀಚರ್ ಎಂದು ತಿಳಿದ ದಿನ ಮಗ ಗೋಡೆಯ ಮೇಲಿನ ಒಂದು ಹಳೆಯ ಫೋಟೋ ತೋರಿಸಿದ. ಸಣ್ಣ ಮರದ ಶಾಲೆಯ ಮುಂದೆ ಕೋಟು ತೊಟ್ಟ ಇಬ್ಬರು ಗಂಡಸರು.

"ಬಲಗಡೆಯವರು ನನ್ನ ಅಜ್ಜ. ಶಾಲಾ ಮೇಷ್ಟ್ರು. ನಾಜಿಗಳಿಗೆ ಬಗ್ಗಲಿಲ್ಲ ಅಂತ ಜೈಲಿಗೆ ಹಾಕಿದ್ದರು. ಊರ ಶಾಲೆಯಲ್ಲಿ ಇವತ್ತಿಗೂ ಈ ಫೋಟೋ ಇದೆ" ಅಂದ.

ಐವತ್ತು ದಾಟಿದ ಮನುಷ್ಯ ಅದನ್ನು ಹೇಳುವಾಗ ಹುಡುಗನ ಹಾಗೆ ಕಾಣುತ್ತಿದ್ದ. ತಾಯಿ ಎದ್ದು ಕಾಫಿ ತರಲು ಹೋದರು.

ನಮ್ಮ ಮಕ್ಕಳಿಗೆ ಬಂದು ಆ ಕತೆ ಹೇಳಿ ಎಂದು ನಾನು ಕೇಳಿಕೊಂಡೆ. ಆಗುವುದಿಲ್ಲ ಅಂದರು. ತಿಂಗಳು ಬಿಟ್ಟು ಮತ್ತೆ ಕೇಳಿದೆ, ಮತ್ತೆ ಅದೇ ಉತ್ತರ. ಮನೆಯಲ್ಲಿ ನನ್ನವರು, "ಆ ಅಮ್ಮನನ್ನು ಯಾಕೆ ಪೀಡಿಸುದು ನೀನು? ಇರುವ ಕೆಲ್ಸ ಸಾಲುದಿಲ್ವ ಮಾರಾಯ್ತಿ?" ಅಂದರು. ನಾನು ಬಿಟ್ಟುಬಿಟ್ಟೆ. ಆದರೆ ಚಳಿಗಾಲದ ಒಂದು ಶುಕ್ರವಾರ ಅವರೇ ಬಾಗಿಲು ತಟ್ಟಿದರು. ಹಿಂದಿನ ದಿನ ಮಗ ಊಟಕ್ಕೆ ಬಂದವರ ಮುಂದೆ ಅಜ್ಜನ ಕತೆಯನ್ನು ಮತ್ತೊಮ್ಮೆ ಹೇಳಿದ್ದನಂತೆ.

"ಬರ್ತೇನೆ. ಆದರೆ ಅವನು ಅಲ್ಲಿರಬಾರದು."

ಯಾಕೆ ಎಂದು ನಾನು ಕೇಳಲಿಲ್ಲ. ವಯಸ್ಸಾದವರ ಸಂಕೋಚ ಅಂದುಕೊಂಡೆ.

ನಮ್ಮ ಶಾಲೆಯ ಸೂಪರ್ವೈಸರ್ ಧಾರವಾಡದವರು, ಒಳ್ಳೆಯವರು, ಆದರೆ ಪರೀಕ್ಷೆ ಬಿಟ್ಟು ಬೇರೆ ಮಾತಿಲ್ಲ. "ಇದು ಪೇಪರಿನ್ಯಾಗ ಬರೂದಿಲ್ಲಲ್ರೀ. ಆತು, ಒಂದ ಪೀರಿಯಡ್ ತಗೋರಿ. ಅಷ್ಟಕ್ಕ ಖಲಾಸ್" ಅಂದರು.

ಗೊತ್ತುಮಾಡಿದ ದಿನ ಮಗ ರಜೆ ಹಾಕಿ ತಾಯಿಯನ್ನು ಕಾರಿನಲ್ಲಿ ಕರೆತಂದ. ಗೇಟಿನಲ್ಲಿ ಅವನನ್ನು ಬಿಟ್ಟು ಬರಬೇಕಿತ್ತು, ಇಲ್ಲವೇ ಕಚೇರಿಯ ಸೋಫಾದ ಮೇಲೆ ಕೂರಿಸಬೇಕಿತ್ತು. ಅಂದು ನನಗೆ ಅದು ಬಿಡುವಿಲ್ಲದೆ ನಾಲ್ಕನೆಯ ಪೀರಿಯಡ್. ಗಂಟೆ ಹೊಡೆದಾಗಿತ್ತು, ಮಕ್ಕಳು ಗಲಾಟೆ ಶುರುಮಾಡಿದ್ದರು. ಅವನು ತಾಯಿಯ ಕೈಹಿಡಿದು ತರಗತಿಯವರೆಗೆ ಬಂದುಬಿಟ್ಟ. ಹೊರಗಿರಿ ಎಂದು ಹೇಳಲು ಒಂದು ವಾಕ್ಯ ಸಾಕಿತ್ತು. ಆ ಒಂದು ವಾಕ್ಯದಷ್ಟೂ ತ್ರಾಣ ನನ್ನಲ್ಲಿ ಇರಲಿಲ್ಲ. ಹಿಂದಿನ ಬೆಂಚು ತೋರಿಸಿ, "ಕೂತ್ಕೊಳ್ಳಿ" ಅಂದೆ. ಅಜ್ಜಿ ನನ್ನನ್ನೊಮ್ಮೆ ನೋಡಿದರು. ಬೈದಿದ್ದರೆ ಚೆನ್ನಾಗಿತ್ತು.

ಕುರ್ಚಿಯಲ್ಲಿ ಕುಳಿತೇ ಹೇಳತೊಡಗಿದರು. ಜರ್ಮನರು ಅವರ ದೇಶವನ್ನು ಹಿಡಿದು ಎರಡು ವರ್ಷವಾಗುತ್ತ ಬಂದಿತ್ತು. ಜರ್ಮನರ ಮಾತು ಕೇಳುವ ಸರ್ಕಾರ ಶಿಕ್ಷಕರೆಲ್ಲ ತನ್ನ ಹೊಸ ಸಂಘಕ್ಕೆ ಸೇರಬೇಕು, ಮಕ್ಕಳಿಗೆ ತನ್ನ ಪಾಠವನ್ನೇ ಹೇಳಬೇಕು ಎಂದು ಆಜ್ಞೆ ಮಾಡಿತು. ಊರೂರಿನ ಶಿಕ್ಷಕರು ಒಂದೇ ಒಕ್ಕಣೆಯ ಕಾಗದ ಬರೆದು, ಆಗುವುದಿಲ್ಲ ಎಂದು ಸಹಿ ಹಾಕಿ ಕಳಿಸಿದರು. ಸರ್ಕಾರ ಚಳಿ ಕಾಯಿಸುವ ಒಲೆಗೆ ಸೌದೆಯಿಲ್ಲ ಎಂಬ ನೆಪ ಹೇಳಿ ಶಾಲೆಗಳನ್ನು ಒಂದು ತಿಂಗಳು ಮುಚ್ಚಿತು.

"ನಾವೆಲ್ಲ ಒಟ್ಟಿಗಿದ್ದೇವೆ ಎಂದು ತೋರಿಸಲು ಜನ ಕೋಟಿಗೆ ಪೇಪರ್ ಕ್ಲಿಪ್ ಸಿಕ್ಕಿಸಿಕೊಳ್ಳುತ್ತಿದ್ದರು. ಅಪ್ಪನೂ ಸಿಕ್ಕಿಸಿಕೊಂಡಿದ್ದ. ನನ್ನ ಸ್ವೆಟರಿಗೂ ಒಂದು ಹಾಕಿದ್ದ. ನನಗಾಗ ಒಂಬತ್ತು ವರ್ಷ."

ಮುಂದಿನ ಸಾಲಿನ ಹುಡುಗನೊಬ್ಬ ತನ್ನ ಕಾಗದಗಳಿಂದ ಕ್ಲಿಪ್ ತೆಗೆದು ಕಾಲರಿಗೆ ಸಿಕ್ಕಿಸಿಕೊಂಡ. ಇನ್ನೂ ನಾಲ್ಕೈದು ಮಂದಿ ಹಾಗೇ ಮಾಡಿದರು. ಹಿಂದೆ ಕುಳಿತ ಮಗ ಮುಗುಳ್ನಕ್ಕ. ಅಜ್ಜಿ ಒಂದೊಂದೇ ಕಾಲರನ್ನು ನೋಡಿ ಮುಂದುವರಿಸಿದರು.

"ಒಂದು ಬೆಳಿಗ್ಗೆ ನಾವು ಗಂಜಿ ಕುಡಿಯುತ್ತಿದ್ದಾಗ ಪೊಲೀಸರು ಬಂದರು. ಅಪ್ಪನನ್ನೂ ಅವನ ಜೊತೆಗಾರ ಮೇಷ್ಟ್ರನ್ನೂ ಕರೆದುಕೊಂಡು ಹೋದರು. ದೇಶದ ತುಂಬ ಹಾಗೇ ನೂರಾರು ಜನರನ್ನು ಹಿಡಿದರು. ಶಿಬಿರದಲ್ಲಿ ಹಿಮದ ಮೇಲೆ ತೆವಳಿಸಿದರು, ಕೈ ಬೆನ್ನ ಹಿಂದೆ ಕಟ್ಟಿಕೊಂಡು. ಮುದುಕರನ್ನೂ. ಆಗಾಗ ನಿಲ್ಲಿಸಿ ಕೇಳುವುದು, ಈಗ ಒಪ್ಪುತ್ತೀಯಾ? ಹೆಚ್ಚಿನವರು ಇಲ್ಲ ಅಂದರು. ಆಮೇಲೆ ಅವರನ್ನು ಜಾನುವಾರು ಸಾಗಿಸುವ ಡಬ್ಬಿಗಳಲ್ಲಿ ತುಂಬಿ, ಹಡಗು ಹತ್ತಿಸಿ, ದೇಶದ ಉತ್ತರದ ತುದಿಗೆ ಕೂಲಿ ಕೆಲಸಕ್ಕೆ ಕಳಿಸಿದರು. ರೈಲು ಹೋಗುವಾಗ ಹಳಿಯ ಪಕ್ಕ ಮಕ್ಕಳು ನಿಂತು ಹಾಡಿದರಂತೆ."

ಗ್ಲಾಸು ಎತ್ತಿ ನೀರು ಕುಡಿದರು.

"ಅಪ್ಪ ಆ ರೈಲಿನಲ್ಲಿ ಇರಲಿಲ್ಲ. ಎರಡು ದಿನ ಮೊದಲೇ ಮನೆಗೆ ಬಂದಿದ್ದ. ಅವನು ಒಪ್ಪುತ್ತೇನೆಂದು ಸಹಿ ಹಾಕಿದ್ದ."

ನನಗೆ ಹಿಂದಿನ ಬೆಂಚಿನ ಕಡೆ ನೋಡುವ ಧೈರ್ಯವಾಗಲಿಲ್ಲ.

ಅಜ್ಜಿಯ ಅಮ್ಮ ಆಗ ಆರು ತಿಂಗಳ ಬಸುರಿ, ತಮ್ಮನಿಗೆ ಎದೆಯ ಕಾಯಿಲೆ ಎಂದು ಅವರು ಹೇಳಿದರು. ಸಹಿ ಹಾಕಿದ್ದು ಅದಕ್ಕೋ ಹಿಮಕ್ಕೆ ಹೆದರಿಯೋ ಅಪ್ಪ ಯಾವತ್ತೂ ಹೇಳಲಿಲ್ಲ, ಇವರೂ ಕೇಳಲಿಲ್ಲ. ಶಾಲೆ ಮತ್ತೆ ತೆರೆಯಿತು. ಅಪ್ಪ ಹಳೆಯ ಪಾಠಗಳನ್ನೇ ಮಾಡಿದ, ಸರ್ಕಾರ ಹೇಳಿದ್ದನ್ನು ಒಂದು ದಿನವೂ ಮಾಡಲಿಲ್ಲ. ಆದರೂ ಊರಿನವರು ಅವನ ಜೊತೆ ಹವೆಯ ಬಗ್ಗೆ ಬಿಟ್ಟು ಬೇರೇನೂ ಮಾತಾಡುತ್ತಿರಲಿಲ್ಲ. ಶರತ್ಕಾಲದಲ್ಲಿ ಜೊತೆಗಾರ ಮೇಷ್ಟ್ರು ಉತ್ತರದಿಂದ ಮರಳಿದಾಗ ಜನ ಹೂ ಹಿಡಿದು ದೋಣಿಕಟ್ಟೆಗೆ ಹೋದರು. ಅಪ್ಪ ಎಲ್ಲರ ಹಿಂದೆ ನಿಂತಿದ್ದ. ಮೇಷ್ಟ್ರು ಹುಡುಕಿಕೊಂಡು ಬಂದು, "ಮಗು ಹೇಗಿದೆ?" ಎಂದು ಕೇಳಿದರು.

"ಯುದ್ಧ ಮುಗಿದ ಮೇಲೆ ಇಬ್ಬರೂ ಇರುವ ಒಂದು ಫೋಟೋವನ್ನು ಶಾಲೆಯಲ್ಲಿ ಹಾಕಿದರು. ಕೆಳಗೆ 'ಬಂಧನಕ್ಕೊಳಗಾದ ನಮ್ಮ ಶಿಕ್ಷಕರು' ಎಂದು ಬರೆದರು. ಸುಳ್ಳೇನಲ್ಲ. ಬಂಧನವಾಗಿತ್ತು. ಸಹಿಯ ವಿಷಯ ಗೊತ್ತಿದ್ದವರು ಒಬ್ಬೊಬ್ಬರೇ ಸತ್ತರು. ಈಗ ಬಂಧನ ಮಾತ್ರ ಉಳಿದಿದೆ."

ಹುಡುಗಿಯೊಬ್ಬಳು ಕೈಯೆತ್ತಿದಳು. ಇಂಗ್ಲಿಷಿನಲ್ಲಿ, ಮೆಲ್ಲಗೆ, "ನಿಮಗೆ ಅವರ ಬಗ್ಗೆ ನಾಚಿಕೆ ಆಗ್ತಿತ್ತಾ ಮ್ಯಾಮ್?" ಅಂದಳು.

ನಾನು ತಡೆಯಬೇಕು ಅನ್ನುವಷ್ಟರಲ್ಲಿ ಅವರು ಉತ್ತರ ಕೊಟ್ಟರು. "ಹೌದು. ಮೊದಲು ನಾನು ಅಪ್ಪನ ಕೈಹಿಡಿದು ಶಾಲೆಗೆ ಹೋಗುತ್ತಿದ್ದೆ. ಆಮೇಲೆ ಅವನ ಜೊತೆ ಹೋಗಲಿಲ್ಲ, ಎರಡು ವರ್ಷ. ಅವನಿಗೆ ಗೊತ್ತಾಗಿತ್ತು. ನಾನು ಮುಂದೆ ಹೋಗಲಿ ಅಂತ ಬೆಳಿಗ್ಗೆ ಐದು ನಿಮಿಷ ತಡವಾಗಿ ಹೊರಡುತ್ತಿದ್ದ. ಬಾಗಿಲ ಹತ್ತಿರ ಬೂಟಿನ ದಾರ ಕಟ್ಟುತ್ತಾ ಕೂರುತ್ತಿದ್ದ. ಕಟ್ಟಿದ್ದನ್ನು ಬಿಚ್ಚಿ ಮತ್ತೆ ಕಟ್ಟುತ್ತಿದ್ದ."

ಇಲ್ಲಿ ನನ್ನದೊಂದು ಮಾತು ಹೇಳಬೇಕು. ಅದಕ್ಕೆ ಹಿಂದಿನ ವರ್ಷ, ನಾನಾಗ ಇದ್ದ ಇನ್ನೊಂದು ಶಾಲೆಯಲ್ಲಿ, ನಮ್ಮ ಜೊತೆಯ ಟೀಚರ್ ಒಬ್ಬರನ್ನು ಕಾರಣ ಹೇಳದೆ ಕೆಲಸದಿಂದ ತೆಗೆದಿದ್ದರು. ಹನ್ನೊಂದು ಜನ ಸೇರಿ ಒಂದು ಮನವಿ ಬರೆದೆವು. ಮರುದಿನ ಬೆಳಿಗ್ಗೆ ನಾನು ಹೋಗಿ ನನ್ನ ಹೆಸರು ಹೊಡೆದುಹಾಕಿ ಬಂದೆ. ಮಗಳ ವೀಸಾ, ನನ್ನವರ ಕೆಲಸದ ಅಭದ್ರತೆ, ಹೇಳಿಕೊಳ್ಳಲು ಕಾರಣಗಳು ಬೇಕಾದಷ್ಟಿದ್ದವು. ಹಿಮವಿರಲಿಲ್ಲ, ತೆವಳಿಸುವವರೂ ಇರಲಿಲ್ಲ. ಆ ಟೀಚರ್ ಊರಿಗೆ ಹೊರಡುವ ಮುನ್ನ ನನಗೆ ಫೋನ್ ಮಾಡಿದ್ದರು, ನಾನು ಎತ್ತಿರಲಿಲ್ಲ. ತರಗತಿಯ ಗೋಡೆಗೆ ಒರಗಿ ನಿಂತು ನಾನು ಅಜ್ಜಿಯ ಅಪ್ಪನ ಬೂಟಿನ ದಾರವನ್ನೇ ನೋಡುತ್ತಿದ್ದ ಹಾಗಿತ್ತು.

ಗಂಟೆ ಹೊಡೆಯಿತು. ಮಕ್ಕಳು ಹೊರಗೆ ಹೋದರು. ಕ್ಲಿಪ್ ಸಿಕ್ಕಿಸಿಕೊಂಡಿದ್ದವರಲ್ಲಿ ಇಬ್ಬರು ತೆಗೆದುಬಿಟ್ಟಿದ್ದರು, ಉಳಿದವರು ಹಾಗೇ ಹೋದರು. ಮಗ ಹತ್ತಿರ ಬಂದು ತಮ್ಮ ಭಾಷೆಯಲ್ಲಿ ಏನೋ ಕೇಳಿದ. ತಾಯಿ ಒಂದೇ ಶಬ್ದದಲ್ಲಿ ಉತ್ತರಿಸಿದರು. ಅವನು ತಾಯಿಯ ಚೀಲವನ್ನು ಎತ್ತಿಕೊಂಡು ಮುಂದೆ ನಡೆದ. ಕೈಹಿಡಿಯಲಿಲ್ಲ. ಗೇಟಿನವರೆಗೆ ಅವರನ್ನು ನಾನೇ ಕೈಹಿಡಿದು ಕರೆದುಕೊಂಡು ಹೋದೆ.

ಎರಡು ವಾರ ಮೇಲಿನ ಮಾಳಿಗೆಗೆ ಹೋಗುವ ಧೈರ್ಯ ಬರಲಿಲ್ಲ. ಒಂದು ಸಂಜೆ ಲಿಫ್ಟಿನಲ್ಲಿ ಮಗ ಸಿಕ್ಕಿದ.

"ನನಗೆ ಹೇಳುವ ಮೊದಲು ಅಮ್ಮ ಒಂದು ತರಗತಿಯ ಅಪರಿಚಿತ ಮಕ್ಕಳಿಗೆ ಹೇಳಿದರು" ಅಂದ. ಕೋಪವಿರಲಿಲ್ಲ ಆ ದನಿಯಲ್ಲಿ, ಬಳಲಿಕೆಯಿತ್ತು.

"ನೀವು ಅಲ್ಲಿರಬಾರದು ಅಂದಿದ್ದರು. ನಿಮ್ಮನ್ನು ಒಳಗೆ ಕೂರಿಸಿದ್ದು ನಾನು. ತಪ್ಪು ನನ್ನದು" ಅಂದೆ.

ಅವನು ನನ್ನನ್ನು ನೋಡಿದ. ನಮ್ಮ ಮಾಳಿಗೆ ಬಂತು, ಇಳಿದೆ.

ಆ ಶುಕ್ರವಾರ ಗಟ್ಟಿ ಮನಸ್ಸು ಮಾಡಿ ಅವರ ಮನೆಗೆ ಹೋದೆ. ಕ್ಷಮಿಸಿ ಅನ್ನುವ ಮೊದಲೇ ಅಜ್ಜಿ ಕೈ ಅಡ್ಡ ಮಾಡಿದರು.

"ಅವನು ಅಲ್ಲಿದ್ದಾನೆ ಅಂತ ನನಗೆ ಕಾಣುತ್ತಿತ್ತು. ಬೇರೆ ಏನಾದರೂ ಹೇಳಬಹುದಿತ್ತು, ಮೀನಿನ ಕತೆ, ಹಿಮದ ಕತೆ. ಹಾಗೆ ಮಾತು ತಿರುಗಿಸುವ ಶಕ್ತಿ ಇರಲಿಲ್ಲ. ಎಪ್ಪತ್ತು ವರ್ಷ ಮುಚ್ಚಿಡುವುದೂ ಕೆಲಸವೇ. ಸಾಕಾಗಿತ್ತು."

"ಈಗ ಅವರು ಮಾತಾಡ್ತಾರಾ?"

"ಒಂದು ವಾರ ಆಡಲಿಲ್ಲ. ಈಗ ದಿನಾ ಒಂದು ಪ್ರಶ್ನೆ. ಅಜ್ಜ ಮನೆಗೆ ಬಂದ ದಿನ ಏನು ತಿಂದ? ಯಾವ ಕುರ್ಚಿಯಲ್ಲಿ ಕೂತ? ನಿದ್ದೆ ಮಾಡುತ್ತಿದ್ದನಾ? ಮೊದಲು ಅವನು ಅಜ್ಜನ ಬಗ್ಗೆ ಏನೂ ಕೇಳುತ್ತಿರಲಿಲ್ಲ, ಹೇಳುತ್ತಿದ್ದ ಅಷ್ಟೇ. ಉತ್ತರ ಕೊಟ್ಟು ಕೊಟ್ಟು ನನಗೆ ಸುಸ್ತು."

ನಾನು ಆಗ ಆ ಮನವಿಯ ವಿಷಯ ಹೇಳಿದೆ, ಫೋನ್ ಎತ್ತದ ವಿಷಯವನ್ನೂ. ಇಂಗ್ಲಿಷಿನಲ್ಲಿ ಹೇಳುವುದಕ್ಕೆ ಎಷ್ಟು ಕಡಿಮೆ ವಾಕ್ಯಗಳು ಸಾಕಾದವು. ಅವರು ಸಮಾಧಾನ ಹೇಳಲಿಲ್ಲ. "ಆಕೆ ಬದುಕಿದ್ದಾಳಾ?" ಎಂದು ಕೇಳಿದರು. ಇದ್ದಾರೆ ಅಂದೆ. "ಹಾಗಾದರೆ ಫೋನ್ ಮಾಡು" ಅಂದರು.

ಮಾಡಲು ನನಗೆ ಇನ್ನೂ ಎರಡು ತಿಂಗಳು ಹಿಡಿಯಿತು. ಆ ಟೀಚರ್ ಊರಿನಲ್ಲಿ ಬೇರೆ ಶಾಲೆ ಸೇರಿದ್ದರು. ನಾನು ಹೇಳಿದ್ದನ್ನೆಲ್ಲ ಕೇಳಿ, "ಹೆಸರು ಹೊಡೆದುಹಾಕಿದ್ದಕ್ಕೆ ಬೇಜಾರಿಲ್ಲ. ಫೋನ್ ಎತ್ತದ್ದಕ್ಕೆ ಬೇಜಾರಾಗಿತ್ತು" ಅಂದರು. ಆಮೇಲೆ ಮಗಳು ಎಷ್ಟನೇ ಕ್ಲಾಸು ಎಂದು ವಿಚಾರಿಸಿದರು. ನಾವು ಮತ್ತೆ ಗೆಳತಿಯರಾಗಲಿಲ್ಲ. ಆದರೆ ಹಬ್ಬಕ್ಕೆ ಒಂದು ಮೆಸೇಜು ಹೋಗುತ್ತದೆ, ಒಂದು ಬರುತ್ತದೆ.

ಮುಂದೆ ತೈಲದ ಬೆಲೆ ಬಿದ್ದಾಗ ಎಷ್ಟೋ ಜನರ ಹಾಗೆ ಆ ಮಗನ ಕೆಲಸವೂ ಹೋಯಿತು. ಅವರು ಊರಿಗೆ ಹೊರಡುವ ದಿನ ಕೆಳಗಿಳಿದು ಹೋಗಿ ಮಾತಾಡಿಸಿದೆ. ಟ್ಯಾಕ್ಸಿಗೆ ಸಾಮಾನು ತುಂಬುತ್ತಿದ್ದ ಮಗನನ್ನು, ಶಾಲೆಯ ಆ ಫೋಟೋದ ಬಗ್ಗೆ ಏನಾದರೂ ಬರೆಯುತ್ತೀರಾ ಎಂದು ಕೇಳಿದೆ.

"ಬರೆಯಬೇಕು ಅಂತಿದ್ದೆ. ಅಮ್ಮ ಬೇಡ ಅಂತಾರೆ. ತಾನು ಸತ್ತ ಮೇಲೆ ಏನಾದರೂ ಮಾಡು ಅಂತಾರೆ. ಏನು ಬರೆಯೋದು ಅಂತ ನನಗೂ ಇನ್ನೂ ಗೊತ್ತಾಗಿಲ್ಲ" ಅಂದ.

ಅಜ್ಜಿ ಹಿಂದಿನ ಸೀಟಿನಲ್ಲಿ ಆಗಲೇ ತೂಕಡಿಸುತ್ತಿದ್ದರು. ಜೂನ್ ತಿಂಗಳ ಬಿಸಿಲು. ಅವನು ಒಳಗೆ ಬಗ್ಗಿ, ತಾಯಿಯ ಮುಖಕ್ಕೆ ಬೀಳುತ್ತಿದ್ದ ಬಿಸಿಲಿಗೆ ಕೈಯನ್ನು ಅಡ್ಡ ಹಿಡಿದುಕೊಂಡು ಪಕ್ಕದಲ್ಲಿ ಕುಳಿತ. ಡ್ರೈವರು ಬಾಗಿಲು ಹಾಕಿದ.