ಅಪರ್ಣಾಳ ಕೊನೆಯ ಕುಣಿತಕ್ಕೆ ಷಿಕಾಗೊಗೆ ಹೋದದ್ದು

ಭಾನುವಾರ ಬೆಳಿಗ್ಗೆ ಎಂಟೂವರೆಗೆ ನಮ್ಮೂರು ಕ್ಯಾಂಟನ್ ಬಿಟ್ಟೆವು. ಷಿಕಾಗೊಗೆ ಇನ್ನೂರ ಅರವತ್ತು ಮೈಲಿ. ಹೊರಗೆ ಇಪ್ಪತ್ತೆಂಟು ಡಿಗ್ರಿ ಫ್ಯಾರನ್‌ಹೀಟ್, ನೀರು ಹೆಪ್ಪುಗಟ್ಟುವ ಚಳಿ. ಕಾರು ಓಡಿಸುತ್ತಿದ್ದವಳು ನಾನು, ಪಕ್ಕದಲ್ಲಿ ನೆರೆಮನೆಯ ಸುಮಿತ್ರಾ, ಅವಳ ಮಡಿಲಲ್ಲಿ ಚಿತ್ರಾನ್ನದ ಡಬ್ಬಿ. ಮೂವತ್ತು ವರ್ಷದಿಂದ ಮನೆಯ ಬೇಸ್‌ಮೆಂಟಿನಲ್ಲಿ ಭರತನಾಟ್ಯ ಕಲಿಸುವ ಈಕೆ ಸ್ವಂತ ಮಗಳ ಕುಣಿತವನ್ನು ಹದಿನೆಂಟು ವರ್ಷದಿಂದ ನೋಡಿರಲಿಲ್ಲ. ಮಗಳು ಅಪರ್ಣಾ ಕುಣಿಯುವುದು ಫ್ಲಮೆಂಕೊ, ಸ್ಪೇನ್ ದೇಶದ ನೃತ್ಯ. ಅದಕ್ಕೆ ಮೊಳೆ ಹೊಡೆದ ಷೂ ಬೇಕು. ಚಪ್ಪಲಿ ಕಾಲಲ್ಲಿ ರಂಗ ಹತ್ತುವುದನ್ನು ತಾನು ನೋಡಲಾರೆ ಎಂದು ಸುಮಿತ್ರಾ ಹಟ ಹಿಡಿದು ಕೂತಿದ್ದಳು. ಈಗ ಅಪರ್ಣಾಳ ಮೊಣಕಾಲು ಸವೆದು, ನಿಲ್ಲಿಸಿಬಿಡಿ ಎಂದು ಡಾಕ್ಟರು ಹೇಳಿದ್ದರು. ಇದೇ ಕೊನೆಯ ಪ್ರದರ್ಶನ. ನಾನೇ ಸುಮಿತ್ರಾಳನ್ನು ಎಳೆದುಕೊಂಡು ಹೊರಟಿದ್ದೆ.

ಕಲಮಜೂ ದಾಟಿ, ರೆಸ್ಟ್ ಏರಿಯಾದಲ್ಲಿ ಚಿತ್ರಾನ್ನ ತಿಂದೆವು. ಯಂತ್ರದ ಕಾಫಿ ಬಿಸಿಯಾಗಿತ್ತು, ಅಷ್ಟೇ ಅದರ ಗುಣ. ಸುಮಿತ್ರಾ ತಾನಾಗಿಯೇ ಮಗಳ ಕಥೆ ತೆಗೆದಳು. ಕಾಲೇಜಿನಿಂದ ಒಂದು ಸೆಮಿಸ್ಟರಿಗೆಂದು ಸ್ಪೇನಿಗೆ ಹೋದವಳು ನಾಲ್ಕು ವರ್ಷ ಅಲ್ಲೇ ಉಳಿದಳಂತೆ. ಬಂದ ಮೇಲೆ ವಾರವಿಡೀ ಷಿಕಾಗೊ ಪಕ್ಕದ ಡೆಸ್ ಪ್ಲೇನ್ಸ್‌ನ ಸರಕು ಸಾಗಣೆ ಆಫೀಸಿನಲ್ಲಿ ಕೆಲಸ, ಶನಿವಾರ ಭಾನುವಾರ ಕುಣಿತ.

"ರಂಗಪ್ರವೇಶ ಆದ ಹುಡುಗಿ ಕಣೇ. ಎಲ್ಲಾ ಬಿಟ್ಟು ಹೋದ್ಳು," ಎಂದಳು.

ಉತ್ತರ ನಾಲಿಗೆಯ ತುದಿಗೆ ಬಂದಿತ್ತು. ಇನ್ನೂ ನೂರ ನಲವತ್ತು ಮೈಲಿ ಜೊತೆಗೆ ಹೋಗಬೇಕಿತ್ತು, ಡಬ್ಬಿ ಮುಚ್ಚಿ ಕಾರಿನ ಕಡೆ ನಡೆದೆ.

ಷಿಕಾಗೊದಲ್ಲಿ ಗಡಿಯಾರ ಒಂದು ಗಂಟೆ ಹಿಂದೆ. ಹಾಗಾಗಿ ಬೇಗ ತಲುಪಿದೆವು. ಪಾರ್ಕಿಂಗಿಗೆ ಇಪ್ಪತ್ತೆರಡು ಡಾಲರ್ ತೆತ್ತೆ. ಎಂಬತ್ತು ಕುರ್ಚಿಗಳ ಸಣ್ಣ ಹಾಲ್. ಬಾಗಿಲಲ್ಲಿ ಸುಮಿತ್ರಾ ಬೂಟು ಕಳಚಿ ಗೋಡೆಗೆ ಒತ್ತರಿಸಿಟ್ಟು, ಸಾಕ್ಸಿನಲ್ಲೇ ಒಳಗೆ ನಡೆದಳು. ಟಿಕೆಟ್ ನೋಡುವಾಕೆ ಅವನ್ನು ಹಿಡಿದುಕೊಂಡು "ಮ್ಯಾಮ್, ಯುವರ್ ಬೂಟ್ಸ್!" ಎಂದು ಹಿಂದೆಯೇ ಓಡಿ ಬಂದಳು. ನನಗೆ ನಗು ತಡೆಯಲಾಗಲಿಲ್ಲ.

"ನಾಟ್ಯ ಮಾಡೋ ಜಾಗ ಅಲ್ವೇನೇ?" ಎಂದು ಸುಮಿತ್ರಾ ನನ್ನ ಮೇಲೆ ಸಿಡುಕಿದಳು.

ಎರಡು ಗಂಟೆಗೆ ಅಪರ್ಣಾ ರಂಗಕ್ಕೆ ಬಂದಳು. ನಲವತ್ತರ ಹೆಂಗಸು, ಕಪ್ಪು ಉಡುಪು, ಬಿಗಿದ ಮುಖ. ಅವಳ ಹಿಮ್ಮಡಿ ಹಲಗೆಗೆ ಬಿದ್ದಾಗ ನನ್ನ ಕುರ್ಚಿಯೇ ಅದುರಿತು. ಪಕ್ಕಕ್ಕೆ ತಿರುಗಿದರೆ ಸುಮಿತ್ರಾ ಕಣ್ಣು ಮುಚ್ಚಿ ಕೂತಿದ್ದಳು. ಇಷ್ಟು ದೂರ ಬಂದು ಇದೇನು ಸೊಕ್ಕು ಎಂದು ಸಿಟ್ಟೇ ಬಂತು. ಆಮೇಲೆ ಅವಳ ಕೈ ಕಂಡಿತು. ಮಗಳ ಹೆಜ್ಜೆಯ ಏಟುಗಳನ್ನು ತೊಡೆಯ ಮೇಲೆ ಬೆರಳು ಮಡಿಸುತ್ತ, ಹನ್ನೆರಡಾದ ಮೇಲೆ ಮತ್ತೆ ಮೊದಲಿಂದ ಎಣಿಸುತ್ತಿದ್ದಳು.

ಮುಗಿದ ಮೇಲೆ ಒಳಕೋಣೆಗೆ ಹೋದೆವು. ಮೊಣಕಾಲಿಗೆ ಐಸ್ ಕಟ್ಟಿಕೊಂಡಿದ್ದ ಅಪರ್ಣಾ ಅಮ್ಮನನ್ನು ಕಂಡು ಏಳಲು ಹೋದಳು, ಆಗಲಿಲ್ಲ.

"ಹೇಗಿತ್ತು, ಅಮ್ಮ?"

"ಎರಡನೇ ಹಾಡಲ್ಲಿ ಹತ್ತನೇ ಏಟು ತಾಳಕ್ಕಿಂತ ಮುಂದೆ ಓಡ್ತು," ಎಂದಳು ಸುಮಿತ್ರಾ.

ನನಗೆ ಹಣೆ ಚಚ್ಚಿಕೊಳ್ಳುವಂತಾಯಿತು. ಅಪರ್ಣಾಳ ಕಣ್ಣು ಮಾತ್ರ ತುಂಬಿ ಬಂತು. "ಯು ಕೌಂಟೆಡ್?"

"ಎಣಿಸ್ದೆ ಹೇಗೆ ನೋಡೋದು?" ಸುಮಿತ್ರಾ ಮಗಳ ಎದುರು ನೆಲದ ಮೇಲೆ ಕೂತಳು. "ಎಲ್ಲಿಂದ ಶುರು ಈ ತಾಳ?"

"ಟ್ವೆಲ್ವ್‌ನಿಂದ, ಅಮ್ಮ. ಒನ್ ಅಲ್ಲ."

"ಹನ್ನೆರಡರಿಂದ ಯಾರಾದ್ರೂ ಶುರು ಮಾಡ್ತಾರಾ? ಸರಿ, ಹೇಳ್ಕೊಡು."

ಐದು ಗಂಟೆಗೆ ಹೊರಡೋಣವೆಂದು ಕರೆದೆ. "ನೀನು ಹೋಗು ಕಣೇ, ಇದು ಒಂದಿನಕ್ಕೆ ಬರೋದಲ್ಲ," ಎಂದಳು ಸುಮಿತ್ರಾ. ಬಾಗಿಲಲ್ಲಿ ನಿಂತು ತಿರುಗಿ ನೋಡಿದೆ. ಮೂವತ್ತು ವರ್ಷ ಊರಿನ ಮಕ್ಕಳಿಗೆಲ್ಲ ತಾಳ ತಿದ್ದಿದವಳು ತಪ್ಪು ತಾಳ ಹಾಕುತ್ತಿದ್ದಳು. ಅಪರ್ಣಾ ಅವಳ ಕೈ ಹಿಡಿದು ನಿಲ್ಲಿಸಿ, "ನೋ ಅಮ್ಮ, ಅಗೇನ್," ಎಂದಳು.