ಒಂದು ಚಾ, ಮೂವರು ಅಧ್ಯಕ್ಷರು

ನರೇಗಲ್ಲಿನ ಬಗ್ಗೆ ಪತ್ರಿಕೆಗೊಂದು ಲೇಖನ ಬರೆಯಬೇಕಿತ್ತು. ಕೆರೆ, ಹಳೇ ಗುಡಿ, ಎರೆಹೊಲ ಎಲ್ಲ ನೋಡಿಯಾಗಿತ್ತು. ಪಟ್ಟಣ ಪಂಚಾಯ್ತಿ ಅಧ್ಯಕ್ಷರ ನಾಲ್ಕು ಮಾತು ಸಿಕ್ಕರೆ ಸಂಜೆಯೊಳಗೆ ಕಳಿಸಿಬಿಡಬಹುದಿತ್ತು. ಬಸ್ ನಿಲ್ದಾಣದ ಎದುರಿನ ಚಹಾದಂಗಡಿಯಲ್ಲಿ ಕೇಳಿದೆ.

"ಅಧ್ಯಕ್ಷರು ಎಲ್ಲಿ ಸಿಗ್ತಾರ್ರಿ?"

"ಅಲ್ಲೇ ಕುಂತಾರಲ್ರಿ," ಅಂದ ಅಂಗಡಿಯವ.

ಅವನು ತೋರಿಸಿದ ರುಮಾಲಿನ ಹಿರಿಯರಿಗೆ ಕೈಮುಗಿದು, ಕುಡಿಯುವ ನೀರಿನಿಂದ ಗಟಾರದವರೆಗೆ ಎಲ್ಲ ಕೇಳಿದೆ. ಅವರೂ ಗತ್ತಿನಿಂದಲೇ ಹೇಳಿದರು. ಫೋಟೊ ತೆಗೆಯುವಾಗ ಸುಮ್ಮನೆ, "ಅಧ್ಯಕ್ಷರಾಗಿ ಎಷ್ಟು ದಿನ ಆತ್ರಿ?" ಎಂದೆ.

"ಆಗೂದೇನ್ರಿ, ಇಳದ ಭಾಳ ವರ್ಷ ಆತು. ನಮ್ಮೂರಾಗ ಒಮ್ಮೆ ಕೊರಳಾಗ ಮಾಲಿ ಬಿತ್ತಂದ್ರ ಮುಗೀತ್ರಿ, ಮಣ್ಣಿಗೆ ಹೋಗೂತನಕ ಅಧ್ಯಕ್ಷನ!"

ಪಕ್ಕದಲ್ಲಿ ಕೂತವರು ಸೊಸೈಟಿಯ ಮಾಜಿ ಅಧ್ಯಕ್ಷರಂತೆ. ಮೂಲೆಯಲ್ಲಿದ್ದವರು ಈಗಿನ ಅಧ್ಯಕ್ಷೆಯ ಗಂಡ. ಅವರನ್ನೂ ಜನ ಅಧ್ಯಕ್ಷರೆಂದೇ ಕರೆಯುತ್ತಾರಂತೆ. ಖರೇ ಅಧ್ಯಕ್ಷೆ ಮಾತ್ರ ಸಭೆಗೆಂದು ಗದಗಿಗೆ ಹೋಗಿದ್ದರು. ನಾನು ಬೆಳಿಗ್ಗೆ ಬಸ್ ಹತ್ತಿದ್ದು ಗದಗಿನಲ್ಲೇ.

ಇಳಿದ ಮೇಲೂ ಕುರ್ಚಿ ಬಿಡದ ಎಂಥ ಜನರಪ್ಪ ಎಂದು ಒಳಗೊಳಗೇ ನಗುತ್ತಿದ್ದೆ. ಅಷ್ಟರಲ್ಲಿ ಅಂಗಡಿಯವ ಕೂಗಿದ: "ಅಧ್ಯಕ್ಷರ, ಚಾ ಆರಾಕತ್ತೈತಿ, ತಗೋರಿ!"

ಮೂವರೂ ತಲೆ ಎತ್ತಿದರಷ್ಟೇ. ಎದ್ದು ಹೋಗಿ ಕಪ್ಪಿಗೆ ಕೈ ಚಾಚಿದವನು ನಾನು.

ನಮ್ಮ ಓಣಿಯ ಗಣಪತಿ ಮಂಡಳಿಗೆ ಹಿಂದೊಮ್ಮೆ, ಒಂದೇ ವರ್ಷ, ನಾನೂ ಅಧ್ಯಕ್ಷನಾಗಿದ್ದೆ. ಓಣಿಯವರೆಲ್ಲ ಅದನ್ನು ಯಾವತ್ತೋ ಮರೆತಿದ್ದಾರೆ. ನನ್ನ ಕೈ ಮರೆತಿರಲಿಲ್ಲ.